ಹೈದರಾಲಿಯ ಕಳೇಬರವೂ ಜನರ ಸಂದೇಹವೂ

ಯಳಂದೂರು ಸೀಮೆಯು 1807ನೆಯ ಇಸವಿಯಲ್ಲಿ ದಿವಾನ್ ಪೂರ್ಣಯ್ಯನವರಿಗೆ ಜಹಗೀರಾಗಿ ಬಂದಿತೆಂಬುದು ಮೈಸೂರಿನ ಚರಿತ್ರೆಯನ್ನು ಓದಿದವರೆಲ್ಲರಿಗೂ ತಿಳಿದ ಸಂಗತಿಯೇ ಆಗಿದೆ. ಮುಮ್ಮಡಿ ಕೃಷ್ಣರಾಜ ಒಡೆಯರ ಬಾಲ್ಯದಲ್ಲಿ ರಾಜ್ಯಭಾರವನ್ನು ನಡೆಯಿಸಿದುದಕ್ಕೆ ಸಂದ ಬಹುಮಾನವದು. ಆದರೆ ಪೂರ್ಣಯ್ಯನವರ ನಂಬಿಕೆಗೂ ಜಾಣ್ಮೆಗೂ ಒದಗಿದ ಅತಿ ಕಠಿನವಾದ ಪರೀಕ್ಷೆ ಇದಕ್ಕೆ 25 ವರ್ಷಗಳಷ್ಟು ಹಿಂದೆಯೇ ನಡೆದುಹೋಗಿತ್ತು. 1782ನೆಯ ಇಸವಿಯ ಡಿಸೆಂಬರ್ ತಿಂಗಳಲ್ಲಿ, ಶತ್ರುವಿನ ನಾಡಿನಲ್ಲಿ ಬೀಡುಬಿಟ್ಟಿದ್ದ ಒಂದು ಮಹಾಸೇನೆಯ ನಡುವೆ, ಸತ್ತ ಒಡೆಯನನ್ನು ಬದುಕಿರುವನೆಂದು ತೋರಿಸಿ, ಅವನ ಕಳೇಬರವನ್ನು ಯಾರಿಗೂ ತಿಳಿಯದಂತೆ ಸಾಗಿಸಬೇಕಾದ ಹೊಣೆ ಅವರ ಮೇಲೆ ಬಿದ್ದಿತ್ತು. ಆ ಕಳೇಬರದ ವಿಷಯದಲ್ಲಿ ಆಗ ಹುಟ್ಟಿದ ಸಂದೇಹಗಳೆಂತಹವು, ಅವುಗಳಲ್ಲಿ ಯಾವುದು ವಿಚಾರಯೋಗ್ಯ, ಯಾವುದು ಅಲ್ಲ ಎಂಬುದನ್ನು ಪರಿಶೀಲಿಸುವುದೇ ಪ್ರಕೃತ ಲೇಖನದ ಉದ್ದೇಶ.

ಯಳಂದೂರಿನ ನೆರೆಯ ಕೊಳ್ಳೇಗಾಲ, ಹನೂರು, ಶಾಗ್ಯ, ಬಂಡಳ್ಳಿ ಮುಂತಾದ ಊರುಗಳ ನಾಡಿಗೆ ಈ ಕಥೆ ಹೊರಗಿನದಲ್ಲ. ಶ್ರೀರಂಗಪಟ್ಟಣದಿಂದ ಕೆಳಗಿನ ಕೊಂಗುನಾಡಿಗೆ ಇಳಿಯುವ ಕಾವೇರಿಪುರದ ಘಟ್ಟದ ದಾರಿ ಈ ಸೀಮೆಯನ್ನು ಹಾದೇ ಹೋಗುತ್ತಿತ್ತು. 1800ರಲ್ಲಿ ಬುಕನನ್ ಸಾಹೇಬನು ನಡೆದುಹೋದುದೂ ಇದೇ ದಾರಿಯಲ್ಲಿ. ನವಾಬರ ಕಾಲದಲ್ಲಿ ಮೈಸೂರಿಗೆ ಸೇರಿದ್ದ ಈ ನಾಡು 1799ರಲ್ಲಿ ಕುಂಪಣಿಯ ಪಾಲಾಗಿ, ಕೊಯಮತ್ತೂರು ಜಿಲ್ಲೆಯಲ್ಲಿ ಸೇರಿಕೊಂಡು, 1956ರಲ್ಲಿ ತಿರುಗಿ ಮೈಸೂರಿಗೆ ಬಂದಿತು. ಪಕ್ಕದ ಯಳಂದೂರು ಮಾತ್ರ ಮೈಸೂರಿನಲ್ಲಿಯೇ ಉಳಿಯಿತು.

ಇನ್ನು ಸಂಗತಿಗೆ ಬರೋಣ. 1780ರಲ್ಲಿ ಸುಮಾರು 90,000 ದಂಡಿನೊಡನೆ ಘಟ್ಟವಿಳಿದು ಕರ್ನಾಟಕ ಪಯಾನ್ ಘಾಟನ್ನು ಹೊಕ್ಕ ಹೈದರಾಲಿಯು, ಎರಡು ವರ್ಷಗಳಿಗೂ ಮಿಕ್ಕು ಯುದ್ಧ ಮಾಡುತ್ತಿದ್ದಾಗ, 1782ರ ಕೊನೆಯಲ್ಲಿ ಬೆನ್ನಿನ ಮೇಲೆದ್ದ ಒಂದು ಹುಣ್ಣಿನಿಂದ ಹಾಸಿಗೆ ಹಿಡಿದನು. ನಮ್ಮ ಜನರು ಬೆನ್ನುಫಣಿಯೆಂದು ಕರೆಯುವ ಜಾತಿಯ ಹುಣ್ಣಿದು. ಏಡಿಯ ಆಕಾರವನ್ನು ನೆನೆದು ಮುಸಲ್ಮಾನ ಹಕೀಮರು ಇದನ್ನು ಸರತಾನ್ ಎನ್ನುತ್ತಿದ್ದರು. ಡಿಸೆಂಬರ್ 7ರಂದು, ಚಿತ್ತೂರಿನ ಬಳಿಯ ನರಸಿಂಗರಾಯನಪೇಟೆಯ ಬೀಡಿನಲ್ಲಿ ಅವನು ತೀರಿಕೊಂಡನು. ಹಿರಿಯ ಮಗನಾದ ಟಿಪ್ಪುವು ಆ ಹೊತ್ತಿಗೆ ಪಶ್ಚಿಮ ಸಮುದ್ರದ ಕರೆಯಲ್ಲಿ, ಪೊನ್ನಾನಿಯ ಬಳಿ, ಹಂಬರ್ಸ್ಟನ್, ಮಾಕ್ಲಿಯಡ್ ಎಂಬ ಇಂಗ್ಲಿಷ್ ಸೇನಾನಿಗಳ ದಳವನ್ನು ಎದುರಿಸಿ ನಿಂತಿದ್ದನು. ತಂದೆಯ ಶವಕ್ಕೂ ಮಗನಿಗೂ ನಡುವೆ ದಕ್ಷಿಣಾಪಥದ ಒಂದು ಕಡಲಿನಿಂದ ಇನ್ನೊಂದು ಕಡಲಿನವರೆಗಿನ ನೆಲವೆಲ್ಲ ಹರಡಿತ್ತೆಂದರೆ ಹೆಚ್ಚು ತಪ್ಪಾಗದು.

ಪೂರ್ಣಯ್ಯನವರೂ ಕೃಷ್ಣರಾಯನೂ ಆಗ ಮಾಡಿದ ಏರ್ಪಾಟನ್ನು ವಿಲ್ಕ್ಸ್ ಸಾಹೇಬನು ವಿವರವಾಗಿ ಬರೆದಿದ್ದಾನೆ. ಶವವನ್ನು ಸುಗಂಧದ್ರವ್ಯಗಳಿಂದ ತುಂಬಿದ ದೊಡ್ಡದೊಂದು ಪೆಟ್ಟಿಗೆಯಲ್ಲಿಟ್ಟು, ಕೊಳ್ಳೆಯ ಬೆಲೆಬಾಳುವ ಒಡವೆ ವಸ್ತುಗಳನ್ನು ಸಾಗಿಸುವ ರೀತಿಯಲ್ಲಿಯೇ, ಕಾವಲಿನೊಡನೆ ಕೋಲಾರಕ್ಕೆ ಕಳುಹಿಸಿದರು. ಅಲ್ಲಿ ಹೈದರನ ತಂದೆಯಾದ ಫತೆ ಮಹಮ್ಮದನ ಸಮಾಧಿಯಿತ್ತು. ಬೀಡಿನಲ್ಲಿ ಮಾತ್ರ ಎಲ್ಲವೂ ಎಂದಿನಂತೆ ನಡೆಯಿತು. ವೈದ್ಯನು ಹೊತ್ತುಹೊತ್ತಿಗೆ ಡೇರೆಯೊಳಕ್ಕೆ ಹೋಗಿಬರುವನು. ಅರಿಕೆಗಳು ಪರದೆಯೊಳಕ್ಕೆ ಹೋಗುವುವು, ಅಪ್ಪಣೆಗಳು ಹೊರಕ್ಕೆ ಬರುವುವು. ಸಂಬಳ, ಸಾಮಗ್ರಿ, ಕಾಗದಪತ್ರ ಯಾವುದೂ ನಿಲ್ಲಲಿಲ್ಲ. ಮೂರು ವಾರಗಳಿಗೂ ಮಿಕ್ಕು, ಒಂದು ರಾಜ್ಯವನ್ನು ಒಂದು ಬರಿದಾದ ಹಾಸಿಗೆ ಆಳಿತು.

ಇದನ್ನೋದುವವರು ಮಂತ್ರಿಗಳ ಚಾತುರ್ಯವನ್ನು ಮೆಚ್ಚಿ ಸುಮ್ಮನಾಗುವುದುಂಟು. ಆದರೆ ಬಚ್ಚಿಡುವುದು ಏತಕ್ಕೆ ಅಗತ್ಯವಾಯಿತೆಂಬುದನ್ನು ವಿಚಾರಿಸುವುದು ಮೇಲು. ಮೈಸೂರಿನ ಅರಸುಮನೆತನದಲ್ಲಿ ಒಡೆಯರೊಬ್ಬರು ತೀರಿಕೊಂಡರೆ ಇನ್ನೊಬ್ಬರಿಗೆ ಪಟ್ಟ ಕಟ್ಟುವರು. ಸಿಂಹಾಸನವು ಬರಿದಾಗಿರುವ ಕಾಲ ಬಹು ಸ್ವಲ್ಪ. ಹೈದರನಾದರೋ ಸಿಂಹಾಸನವನ್ನೇರಿದವನಲ್ಲ. 1776ರಲ್ಲಿ ಅವನೇ ಆರಿಸಿದ ಖಾಸಾ ಚಾಮರಾಜ ಒಡೆಯರು ಹೆಸರಿಗೆ ಅರಸರಾಗಿ ಶ್ರೀರಂಗಪಟ್ಟಣದಲ್ಲಿದ್ದರು. ದಂಡು, ಭಂಡಾರ, ಅಂಜಿಕೆ, ಭಕ್ತಿ ಇವೆಲ್ಲವೂ ಹೈದರನೆಂಬ ಒಬ್ಬ ಮನುಷ್ಯನ ದೇಹಕ್ಕೆ ಕಟ್ಟುಬಿದ್ದಿದ್ದುವು. ಆ ದೇಹ ಬಿದ್ದರೆ ಅವನ ಅಧಿಕಾರವನ್ನು ಇನ್ನೊಬ್ಬನಿಗೆ ದಾಟಿಸುವ ವಿಧಿಯಾಗಲಿ ಸಂಪ್ರದಾಯವಾಗಲಿ ಇರಲಿಲ್ಲ. ಆದುದರಿಂದ ಮಗನು ಬರುವವರೆಗೆ ದೇಹವು ಬೀಳಲಿಲ್ಲವೆಂದೇ ಸಾಧಿಸಬೇಕಾಯಿತು.

ಬೀಡಿನಲ್ಲಿ ಪಿಸುಮಾತು ಹುಟ್ಟದೆ ಇರಲಿಲ್ಲ. ಹೈದರನ ಬಂಧುವೂ 4,000 ಕುದುರೆಗೆ ನಾಯಕನೂ ಆಗಿದ್ದ ಮಹಮ್ಮದ್ ಅಮೀನನು ಶಮ್ಸುದ್ದೀನ್ ಬಕ್ಷಿಯೊಡನೆ ಕೂಡಿ, ಮಂತ್ರಿಗಳನ್ನು ಕೊಂದು ಭಂಡಾರವನ್ನು ವಶಪಡಿಸಿಕೊಂಡು, ಹೈದರನ ಕಿರಿಯ ಮಗನಾದ ಅಬ್ದುಲ್ ಕರೀಮನನ್ನು ಮುಂದೆ ಮಾಡಬೇಕೆಂದು ಹೂಡಿದ ಒಳಸಂಚು ಹೊರಬಿದ್ದಿತು. ಸಂಚುಗಾರರಿಗೆ ಬೇಡಿ ಹಾಕುವಾಗಲೂ ಅದು ನವಾಬನ ಅಪ್ಪಣೆಯಿಂದ, ಅವನ ಕಾಯಿಲೆಯ ಕಾಲದಲ್ಲಿ ಎಸಗಿದ ದ್ರೋಹಕ್ಕಾಗಿ ಎಂದೇ ಸಾರಿದರು. ಸತ್ತವನ ಹೆಸರಿನಲ್ಲಿ ನ್ಯಾಯ ನಡೆಯಿತು. ಸಾವನ್ನು ಬಲ್ಲವರೇ ಸಂಚು ಹೂಡಿದವರು. ಅವರನ್ನು ಹಿಡಿಯುವುದಕ್ಕೂ ಆ ಸಾವನ್ನು ಅಲ್ಲಗಳೆಯಬೇಕಾಯಿತು. ನನಗೆ ಈ ಪ್ರಸಂಗದಲ್ಲೆಲ್ಲ ಇದೇ ಅತ್ಯಂತ ವಿಚಿತ್ರವೆಂದು ತೋರುತ್ತದೆ.

ಅತ್ತ ದೂತರು ನಾಲ್ಕೈದು ದಿನಗಳಲ್ಲಿಯೇ ಮಗನಿಗೆ ಸುದ್ದಿ ಮುಟ್ಟಿಸಿದರು. ಡಿಸೆಂಬರ್ ಎರಡನೆಯ ವಾರದಲ್ಲಿ ಟಿಪ್ಪುವು ಪೊನ್ನಾನಿಯ ಮುತ್ತಿಗೆಯನ್ನು ಬಿಟ್ಟು ಪೂರ್ವಕ್ಕೆ ಹೊರಟು, 1783ರ ಆರಂಭದಲ್ಲಿ ಮುಖ್ಯ ಸೇನೆಯನ್ನು ಬಂದು ಸೇರಿದನು. ದರ್ಬಾರಿನ ಆಡಂಬರವಿಲ್ಲದೆ ಬರಿಯ ಜಮಖಾನದ ಮೇಲೆ ಕುಳಿತು, ಶೋಕದಲ್ಲಿರುವ ಮಗನಂತೆ, ಸರದಾರರಿಗೆ ಭೇಟಿ ಕೊಟ್ಟನು. ಅವನು ಬಂದಾಗ ತಂದೆಯ ಶವವು ಅಲ್ಲಿರಲಿಲ್ಲವೆಂಬುದನ್ನು ನಾವು ನೆನಪಿನಲ್ಲಿಡಬೇಕು.

ಇಂಗ್ಲಿಷರ ಕಡೆಯಲ್ಲಿ ಆದುದೇನು? ಕೂಟ್ ಸೇನಾಪತಿಯು ಕಾಯಿಲೆಯಿಂದ ಬಂಗಾಳಕ್ಕೆ ಹೋಗಿದ್ದನು. ಅವನ ಸ್ಥಾನದಲ್ಲಿದ್ದವನು ಜನರಲ್ ಸ್ಟೂವರ್ಟ್. ಹೈದರನು ಸತ್ತನೆಂಬ ವರ್ತಮಾನವು ಕೆಲವೇ ದಿನಗಳಲ್ಲಿ ಮದರಾಸಿಗೆ ಮುಟ್ಟಿತು. ಗವರ್ನರ್ ಲಾರ್ಡ್ ಮೆಕಾರ್ಟ್ನಿಯು ಕೂಡಲೇ ಸೇನೆಯನ್ನು ನಡೆಯಿಸಬೇಕೆಂದು ಒತ್ತಾಯಪಡಿಸಲು, ಸ್ಟೂವರ್ಟನು ಮೊದಲು ಆ ಸುದ್ದಿಯನ್ನೇ ನಂಬಲೊಲ್ಲೆನೆಂದನು. ಅನಂತರ, ನಿಜವೇ ಆದರೂ ತಕ್ಕ ಕಾಲದಲ್ಲಿ ಸೇನೆ ಸಿದ್ಧವಾಗುವುದೆಂದು ತಿಳಿಸಿದನು. ಗವರ್ನರನಿಗೂ ಸೇನಾಪತಿಗೂ ಇದ್ದ ವೈರವು ಜಗತ್ಪ್ರಸಿದ್ಧವಾದುದು. ಆ ವರ್ಷವೇ ಮೆಕಾರ್ಟ್ನಿಯು ಸ್ಟೂವರ್ಟನನ್ನು ಕೆಲಸದಿಂದ ತೆಗೆದು ಸೆರೆಹಿಡಿಯಿಸಿದನು. ಹೀಗಿರಲು ಸ್ಟೂವರ್ಟನ ಅಪನಂಬಿಕೆಯನ್ನು ಪ್ರಾಮಾಣಿಕವಾದ ಸಂದೇಹವೆಂದು ಎಣಿಸುವುದು ಕಷ್ಟ. ಅಂಗಡಿಬೀದಿಯ ಗಾಳಿಸುದ್ದಿಯೇ ಈ ಸಲ ನಿಜವಾಗಿತ್ತು, ಪ್ರಮಾಣವನ್ನು ಕೇಳಿದ ಅಧಿಕಾರಿಯೇ ತಪ್ಪಿದನು. ಸಂದೇಹಿಸುವವನೇ ಬುದ್ಧಿವಂತನೆಂಬ ನಮ್ಮ ಅಭ್ಯಾಸದ ಎಣಿಕೆಗೆ ಇದೊಂದು ಅಪವಾದ.

ಇಲ್ಲಿ ಎರಡು ಬಗೆಯ ಸಂದೇಹಗಳನ್ನು ಬೇರ್ಪಡಿಸುವುದು ಅವಶ್ಯಕ. ಕಳೇಬರವನ್ನು ಬಚ್ಚಿಟ್ಟರೆ, ಅವನು ನಿಜವಾಗಿಯೂ ಸತ್ತನೆ, ಎಂಬ ಸಂದೇಹ ಹುಟ್ಟುತ್ತದೆ. ಕಳೇಬರವನ್ನು ಕಾಪಾಡಿ ತೋರಿಸಿದರೆ, ಇದು ನಿಜವಾಗಿಯೂ ಅವನೆ, ಎಂಬ ಸಂದೇಹ ಹುಟ್ಟುತ್ತದೆ. ಎರಡನೆಯದಕ್ಕೆ ಲೋಕಪ್ರಸಿದ್ಧವಾದ ಉದಾಹರಣೆ ರಷ್ಯಾದ ಲೆನಿನ್ನನದು. 1924ನೆಯ ಜನವರಿ 21ರಂದು ತೀರಿಕೊಂಡ ಆ ನಾಯಕನ ದೇಹವನ್ನು ವೊರೊಬಿಯೆವ್, ಜ್ಬಾರ್ಸ್ಕಿ ಎಂಬ ಶಾಸ್ತ್ರಜ್ಞರು ಔಷಧಗಳಿಂದ ಕೆಡದಂತೆ ಮಾಡಿ, ಮಾಸ್ಕೋ ನಗರದ ಕೆಂಪು ಚೌಕದಲ್ಲಿ ಗಾಜಿನ ಸಂಪುಟದೊಳಗೆ ಮಲಗಿಸಿದರು. ಅದು ಮೇಣದ ಬೊಂಬೆಯೆಂಬ ಮಾತು ಬಹು ಬೇಗ ಹಬ್ಬಿತು. ಕೊನೆಗೆ 1930ರ ದಶಕದಲ್ಲಿ ಪರದೇಶದ ಪತ್ರಕರ್ತರನ್ನು ಒಳಕ್ಕೆ ಕರೆದು, ಗಾಜನ್ನು ತೆರೆಯಿಸಿ, ಜ್ಬಾರ್ಸ್ಕಿಯು ಲೆನಿನ್ನನ ಮೂಗನ್ನೇ ಹಿಡಿದು ಅತ್ತಿತ್ತ ಆಡಿಸಿ ತೋರಿಸಿದನು. ಮಾತು ಅಷ್ಟಕ್ಕೇ ನಿಲ್ಲಲಿಲ್ಲ. 1941ರಿಂದ 1945ರವರೆಗೆ ಯುದ್ಧಭಯದಿಂದ ಆ ದೇಹವನ್ನು ದೂರದ ತ್ಯುಮೆನ್ ನಗರದಲ್ಲಿ ಗುಟ್ಟಾಗಿ ಇರಿಸಿದ್ದು, ಮೂಲದೇಹ ಯಾವುದು ಎಂಬ ಜಿಜ್ಞಾಸೆಗೆ ಹೊಸ ಅವಕಾಶವನ್ನು ಕೊಟ್ಟಿತು. ಅಲ್ಲಿ ವಿಜ್ಞಾನವು ದೇಹವನ್ನು ಉಳಿಸಿತು, ನಂಬಿಕೆಯನ್ನು ಉಳಿಸಲಾರದೆ ಹೋಯಿತು.

ನಮ್ಮ ಕೊಳ್ಳೇಗಾಲ ಹನೂರಿನ ಸೀಮೆಯಲ್ಲಿ ಮೂರನೆಯ ಬಗೆಯೊಂದಿದೆ. ಚಿಕ್ಕಲ್ಲೂರಿನಲ್ಲಿ ಸಿದ್ಧಪ್ಪಾಜಿಯ ಗದ್ದುಗೆಯಿದೆ. ಹೊಳೆಯಾಚೆ ಬೊಪ್ಪೇಗೌಡನಪುರದಲ್ಲಿ ಮಂಟೇಸ್ವಾಮಿಯದು. ಬಾನದ ಹುಣ್ಣಿಮೆಯ ಜಾತ್ರೆಗೆ ಸುತ್ತಣ ಹಳ್ಳಿಗಳ ಒಕ್ಕಲು ಬಂದು ನೆರೆಯುವುದನ್ನು ಕಂಡವರಿಗೆ, ಗದ್ದುಗೆಯೊಳಗೆ ದೇಹವಿದೆಯೆ ಎಂಬ ಪ್ರಶ್ನೆಗೆ ಅಲ್ಲಿ ಎಡೆಯೇ ಇಲ್ಲವೆಂಬುದು ವಿದಿತವಾಗದೆ ಇರದು. ನೀಲಗಾರರು ಹಾಡುವ ಕಾವ್ಯದಲ್ಲಿ ಗುರುವು ಸಾಯುವುದಿಲ್ಲ, ನೆಲದೊಳಗೆ ಐಕ್ಯನಾಗುತ್ತಾನೆ. ಐಕ್ಯನಾದವನ ಶವವನ್ನು ಯಾರೂ ಕಂಡಿರಬೇಕಾಗಿಲ್ಲ. ಹೈದರನ ಪಕ್ಷದಲ್ಲಿ ಇಂತಹ ಪರಿಭಾಷೆಯ ನೆರವು ಮಂತ್ರಿಗಳಿಗೆ ದೊರೆಯುವಂತಿರಲಿಲ್ಲ. ಅವನು ಲೌಕಿಕ ಪ್ರಭು. ಬದುಕಿರಬೇಕು, ಇಲ್ಲವೆ ಗೋರಿಯಲ್ಲಿರಬೇಕು.

ಹೈದರನ ಸಾವಿನಲ್ಲಿ ಮೊದಲನೆಯ ಸಂದೇಹವೇ ಕಾಲಕ್ರಮದಲ್ಲಿ ಎರಡನೆಯದಕ್ಕೆ ದಾರಿಮಾಡಿಕೊಡುತ್ತದೆ. ಸತ್ತನೆಂಬುದು 1783ರಲ್ಲಿ ಸ್ಪಷ್ಟವಾಯಿತು. ಆದರೆ ನರಸಿಂಗರಾಯನಪೇಟೆಯಲ್ಲಿ ಪೆಟ್ಟಿಗೆಯೊಳಗಿಟ್ಟ ಶವವೇ ಕೋಲಾರವನ್ನು ಮುಟ್ಟಿತೆ? ಕೋಲಾರದಿಂದ ತೆಗೆದುದೇ ಶ್ರೀರಂಗಪಟ್ಟಣದ ಗುಂಬಜಿನೊಳಗಿದೆಯೆ? ಕೇಳುವವರು ಕೇಳಬಹುದು. ಗುಟ್ಟಾಗಿ ಹೊರಟ ಪೆಟ್ಟಿಗೆಗೆ ಬಹಿರಂಗವಾದ ಸಾಕ್ಷಿಯಿರುವುದಿಲ್ಲವಷ್ಟೆ.

ಸಾಕ್ಷಿಗಳನ್ನು ತೂಗಿನೋಡೋಣ. ವಿಲ್ಕ್ಸನು ಮೈಸೂರಿನಲ್ಲಿ ರೆಸಿಡೆಂಟನ ಅಧಿಕಾರವನ್ನು ವಹಿಸಿದ್ದಾಗ ಪೂರ್ಣಯ್ಯನವರೊಡನೆ ಬಹಳವಾಗಿ ಬಳಸಿದವನು. ತನ್ನ ಗ್ರಂಥದಲ್ಲಿ ಹಲವೆಡೆ ಅವರ ಹೇಳಿಕೆಯನ್ನು ಆಧಾರವಾಗಿ ಎತ್ತುತ್ತಾನೆ. ಇಂಗ್ಲಿಷರ ಬಲವನ್ನು ನೆಲದಲ್ಲಿ ಮುರಿಯಬಹುದಾದರೂ ಸಮುದ್ರವನ್ನು ಬತ್ತಿಸಲಾಗದೆಂದು ಹೈದರನು ಕೊರಗಿದನೆಂಬ ಪ್ರಸಿದ್ಧವಾದ ಮಾತು ಕೂಡ ಪೂರ್ಣಯ್ಯನವರಿಂದಲೇ ಅವನಿಗೆ ಬಂದುದು. ಪೆಟ್ಟಿಗೆಯ ವೃತ್ತಾಂತದ ಮೂಲವೂ ಅಲ್ಲಿಯೇ ಇರಬೇಕೆಂದು ಊಹಿಸುವುದಕ್ಕೆ ಪ್ರಬಲವಾದ ಕಾರಣವಿದೆ; ಏಕೆಂದರೆ ಗುಟ್ಟನ್ನು ಮೊದಲಿನಿಂದ ಕಾದ ಇಬ್ಬರಲ್ಲಿ ಕೃಷ್ಣರಾಯನು 1791ರಲ್ಲಿ, ಕಾರ್ನ್‌ವಾಲಿಸನ ಯುದ್ಧದ ಕಾಲದಲ್ಲಿ, ದ್ರೋಹದ ಶಂಕೆಗೆ ಗುರಿಯಾಗಿ ಟಿಪ್ಪುವಿನ ಅಪ್ಪಣೆಯಿಂದ ಹತನಾಗಿದ್ದನು. ವಿಲ್ಕ್ಸನು ವಿಚಾರಿಸುವ ವೇಳೆಗೆ ಇಬ್ಬರಲ್ಲಿ ಒಬ್ಬರೇ ಉಳಿದಿದ್ದರು. ಹೈದರನ ಮರಣವನ್ನೊಳಗೊಂಡ ಸಂಪುಟ ಅಚ್ಚಾದುದು 1817ರಲ್ಲಿ. ಅಷ್ಟರಲ್ಲಿ, 1812ರಲ್ಲಿ, ಪೂರ್ಣಯ್ಯನವರೂ ಕಾಲವಾಗಿದ್ದರು.

ಕಿರ್ಮಾನಿಯ ಪಾರಸಿಯ ಗ್ರಂಥವು ಇನ್ನೊಂದು ಸಾಕ್ಷಿ. ಅವನು ನವಾಬರ ಅನ್ನವನ್ನುಂಡವನು. ಕಡೆಯ ದಿನ ಹೈದರನು ಸ್ನಾನಕ್ಕೆ ನೀರು ಕೇಳಿ, ಮಡಿಯುಟ್ಟು, ಪ್ರಾರ್ಥನೆಯನ್ನು ಉಚ್ಚರಿಸಿದನೆಂದು ಅವನು ವರ್ಣಿಸುತ್ತಾನೆ. ಇದರಲ್ಲಿ ಸತ್ಯಾಂಶವಿಲ್ಲವೆಂದು ನಾನು ಹೇಳುವುದಿಲ್ಲ. ಆದರೆ ಸತ್ಪುರುಷನ ಮರಣವನ್ನು ಹೀಗೆ ವರ್ಣಿಸುವುದು ಆ ಸಾಹಿತ್ಯದ ಕವಿಸಮಯ. ನಮ್ಮ ಪುರಾಣಗಳಲ್ಲಿ ಸಲ್ಲೇಖನದ ವರ್ಣನೆಗಳನ್ನು ಪಾಠಹೇಳಿದವರಿಗೆ ಇದು ಹೊಸದೆನ್ನಿಸದು. ವಿಲ್ಕ್ಸನ ವೃತ್ತಾಂತದಲ್ಲಿ ಸ್ನಾನವಿಲ್ಲ, ಪ್ರಾರ್ಥನೆಯಿಲ್ಲ. ಪೆಟ್ಟಿಗೆ, ಕಾವಲು, ಕಾಗದ ಇವಿಷ್ಟೇ. ಭಂಡಾರವನ್ನು ನೋಡಿಕೊಂಡವರ ಬಾಯಿಂದ ಬಂದ ಮಾತಿನ ಛಾಯೆ ಅದರ ಮೇಲಿದೆ.

ಹಾಗಾದರೆ ನಮ್ಮ ಮುಖ್ಯ ಸಾಕ್ಷಿಯು, ಲೋಕವನ್ನು ಒಮ್ಮೆ ನಂಬಿಸಿ ಮೋಸಪಡಿಸಿದವರೇ ಆದರು. ಅವರನ್ನು ನಂಬಬಹುದೆ? ನಂಬಬಹುದೆಂದೇ ನನ್ನ ಅಭಿಪ್ರಾಯ. ಮಂತ್ರಿಗಳ ಸುಳ್ಳಿಗೆ ಒಂದು ಎಲ್ಲೆಯಿತ್ತು. ಸೇನೆಗೆ ಸುಳ್ಳು ಹೇಳಿದುದು ಮಗನಿಗೆ ನಿಜವನ್ನು ಒಪ್ಪಿಸುವುದಕ್ಕಾಗಿ. ಕಳೇಬರವು ಅವರ ಕೈಯಲ್ಲಿದ್ದ ಲೆಕ್ಕದ ಕೊನೆಯ ಬಾಬು. ಅದರಲ್ಲಿ ಕೊರತೆ ಕಂಡುಬಂದಿದ್ದರೆ, ತಂದೆಯ ಶವವು ಮಾರ್ಗದಲ್ಲಿ ಕೆಟ್ಟಿತೆಂದೋ ತಪ್ಪಿತೆಂದೋ ಟಿಪ್ಪುವಿಗೆ ತಿಳಿದಿದ್ದರೆ, ಅವರ ತಲೆಯುಳಿಯುತ್ತಿರಲಿಲ್ಲ. ಟಿಪ್ಪುವು ಸಂಶಯಸ್ವಭಾವದವನೆಂಬುದಕ್ಕೆ ಕೃಷ್ಣರಾಯನ ಅಂತ್ಯವೇ ಸಾಕ್ಷಿ. ಅಂತಹವನು ಪೂರ್ಣಯ್ಯನವರನ್ನು ತನ್ನ ಕಡೆಯ ದಿನದವರೆಗೂ ಬಿಡಲಿಲ್ಲ. ಕೋಲಾರದಿಂದ ಶವವನ್ನು ತೆಗೆಯಿಸಿ ಶ್ರೀರಂಗಪಟ್ಟಣಕ್ಕೆ ತರಿಸಿದವನೂ, ಲಾಲ್‌ಬಾಗಿನಲ್ಲಿ ಕರಿಯ ಕಲ್ಲಿನ ಕಂಬಗಳ ಕೈಸಾಲೆಯುಳ್ಳ ಗುಂಬಜನ್ನು ಕಟ್ಟಿಸಿದವನೂ ಅವನೇ. ಪೆಟ್ಟಿಗೆಯ ಸತ್ಯಾಸತ್ಯವನ್ನು ತಿಳಿಯುವ ಹಕ್ಕೂ ಅವಕಾಶವೂ ಇದ್ದ ಒಬ್ಬನೇ ಒಬ್ಬ ಮನುಷ್ಯನು ಅದನ್ನು ಒಪ್ಪಿಕೊಂಡನು.

ಎರಡು ಸಲ ಹೂಳಿದುದೇ ಸಂಶಯಾಸ್ಪದವೆನ್ನುವವರಿಗೆ ಒಂದು ಮಾತು. ಮುಸಲ್ಮಾನ ಪ್ರಭುಗಳಲ್ಲಿ, ದೂರದಲ್ಲಿ ತೀರಿಕೊಂಡವರನ್ನು ಅಮಾನತಾಗಿ, ಎಂದರೆ ನೆಲಕ್ಕೆ ಒಪ್ಪಿಸಿದ ಇಡುಗಂಟಿನಂತೆ, ತಾತ್ಕಾಲಿಕವಾಗಿ ಹೂತು, ಅನಂತರ ನಿಶ್ಚಿತಸ್ಥಾನಕ್ಕೆ ಸಾಗಿಸುವ ರೂಢಿಯುಂಟು. ಬಾಬರನನ್ನು 1530ರಲ್ಲಿ ಆಗ್ರಾದಲ್ಲಿ ಹೂತು, ಕೆಲವು ವರ್ಷಗಳ ಮೇಲೆ ಕಾಬೂಲಿಗೆ ಒಯ್ದರು. ಮುಮ್ತಾಜ್ ಮಹಲಳು 1631ರಲ್ಲಿ ಬುರ್ಹಾನ್‌ಪುರದಲ್ಲಿ ತೀರಿಕೊಂಡು, ಆ ವರ್ಷದ ಕೊನೆಯಲ್ಲಿ ಆಗ್ರಾಕ್ಕೆ ಬಂದಳು. ಕೋಲಾರವು ಹೈದರನಿಗೆ ಅಂತಹ ನಿಲುದಾಣ.

ಇನ್ನೊಂದು ಆಕ್ಷೇಪವು ಗುಂಬಜಿನ ಶಾಸನದಿಂದಲೇ ಹುಟ್ಟುವಂತಹುದು. ಅಕ್ಷರಗಳಿಗೆ ಸಂಖ್ಯೆಗಳನ್ನು ಕೊಟ್ಟು ಕಾಲವನ್ನು ಸೂಚಿಸುವುದು ಪಾರಸಿ ಕವಿಗಳ ಪದ್ಧತಿ. ನಮ್ಮ ಕಟಪಯಾದಿಗೆ ಇದು ದೂರದ ನೆಂಟ. ಗುಂಬಜಿನ ಪದ್ಯದಲ್ಲಿ ಮರಣದ ವರ್ಷವನ್ನು ಸೂಚಿಸುವುದು ‘ಹೈದರ್ ಅಲೀ ಖಾನ್ ಬಹಾದುರ್’ ಎಂಬ ಹೆಸರೇ. ಎಣಿಸಿನೋಡಿದರೆ ಹೈದರ್ 222, ಅಲೀ 110, ಖಾನ್ 651, ಬಹಾದುರ್ 212, ಒಟ್ಟು 1195. ಆದರೆ 1782ನೆಯ ಡಿಸೆಂಬರ್ 7 ಬೀಳುವುದು ಹಿಜ್ರಿ 1196 ಮುಗಿದು 1197 ಮೊದಲಾಗುವ ಸಂಧಿಯಲ್ಲಿ. ಹಿಜ್ರಿ 1195 ಎಂಬುದು 1781ರ ಡಿಸೆಂಬರಿನಲ್ಲಿಯೇ ಮುಗಿದಿತ್ತು. ಗೋರಿಯ ಮಾತನ್ನು ಅಕ್ಷರಶಃ ನಂಬಿದರೆ, ಹೈದರನು ಸಾಯುವುದಕ್ಕೆ ಒಂದು ವರ್ಷ ಮೊದಲೇ ಸತ್ತಂತಾಯಿತು!

ಇದರಿಂದ ಯಾರಾದರೂ ರಹಸ್ಯವೊಂದನ್ನು ಕಟ್ಟಹೊರಟರೆ ಆಶ್ಚರ್ಯವಿಲ್ಲ. ಮೂರು ವಾರ ಬಚ್ಚಿಟ್ಟವರು ಒಂದು ವರ್ಷ ಬಚ್ಚಿಡಲಾರರೆ, ಎಂದು ಕೇಳಬಹುದು. ಆದರೆ 1782ರ ಉದ್ದಕ್ಕೂ ಹೈದರನು ಶತ್ರುಮಿತ್ರರ ಕಣ್ಣಮುಂದೆಯೇ ಇದ್ದನು; ಫ್ರೆಂಚರ ನೌಕಾಧಿಪತಿಯಾದ ಸುಫ್ರೇನನು ಆ ಜುಲೈ ತಿಂಗಳಲ್ಲಿ ಕಡಲೂರಿನ ಬಳಿ ಅವನನ್ನು ಕಂಡು ಮಾತನಾಡಿದ್ದನು. ಕವಿಗೆ ಸತ್ತವನ ಪೂರ್ಣನಾಮವೇ ಸಂಖ್ಯೆಯಾಗಿ ಒದಗಿದಾಗ, ಒಂದೆರಡು ವರ್ಷದ ಕೊರತೆಗಾಗಿ ಅದನ್ನು ಕೈಬಿಡಲು ಮನಸ್ಸು ಬರಲಿಲ್ಲವೆಂದು ನಾನು ತಿಳಿಯುತ್ತೇನೆ. ಕನ್ನಡ ಶಾಸನಗಳಲ್ಲಿ ಶಕವರ್ಷಕ್ಕೂ ಸಂವತ್ಸರಕ್ಕೂ, ತಿಥಿಗೂ ವಾರಕ್ಕೂ ಹೊಂದಿಕೆಯಿಲ್ಲದವು ಎಷ್ಟೋ ಇವೆ. ಅದರಿಂದ ದಾನವೇ ನಡೆಯಲಿಲ್ಲವೆಂದು ನಾವಾರೂ ಹೇಳುವುದಿಲ್ಲ.

ತಂದೆಯ ಕಳೇಬರವನ್ನು ಕುರಿತು ಹೀಗೆ ಊಹಾಪೋಹಗಳಿಗೆ ಎಡೆಯಿದ್ದರೆ, ಮಗನದರ ವಿಷಯದಲ್ಲಿ ಗೆದ್ದವರು ಅದಕ್ಕೆ ಆಸ್ಪದವನ್ನೇ ಕೊಡಲಿಲ್ಲ. 1799ನೆಯ ಮೇ 4ರಂದು ಶ್ರೀರಂಗಪಟ್ಟಣವು ಬಿದ್ದಾಗ ಟಿಪ್ಪುವು ಎಲ್ಲಿರುವನೆಂಬುದು ಯಾರಿಗೂ ತಿಳಿಯದು. ಅವನು ಹಿಡಿಯಲ್ಪಡುವವರೆಗೆ ಅಥವಾ ಸತ್ತನೆಂದು ಕಾಣುವವರೆಗೆ ಗೆಲುವು ಗೆಲುವಾಗದೆಂಬುದನ್ನು ಬೇರ್ಡ್ ಮೊದಲಾದವರು ಚೆನ್ನಾಗಿ ಬಲ್ಲರು. ರಾತ್ರಿಯಾದ ಮೇಲೆ ದೀವಟಿಗೆಗಳನ್ನು ಹಿಡಿದು, ಕೋಟೆಯ ಬಾಗಿಲೊಂದರ ಓಣಿಯಲ್ಲಿ ರಾಶಿಬಿದ್ದಿದ್ದ ಹೆಣಗಳನ್ನು ಒಂದೊಂದಾಗಿ ಎಳೆದು ಹುಡುಕಿದರು. ಗಾಯಪಟ್ಟು ಬಿದ್ದಿದ್ದ ರಾಜಾಖಾನನೆಂಬ ಸೇವಕನು ಜಾಗವನ್ನು ತೋರಿಸಿದನು. ಸಿಕ್ಕಿದ ದೇಹವು ಇನ್ನೂ ಬೆಚ್ಚಗಿತ್ತು, ಕಣ್ಣು ತೆರೆದಿತ್ತು. ಜೀವವಿರಬಹುದೆಂಬ ಶಂಕೆಯಿಂದ ನಾಡಿಯನ್ನು ಮುಟ್ಟಿನೋಡಿದರು. ಕಿಲ್ಲೇದಾರನೂ ಅರಮನೆಯ ಪರಿಚಾರಕರೂ ಗುರುತಿಸಿದ ಮೇಲೆಯೇ ಪಲ್ಲಕ್ಕಿಯಲ್ಲಿರಿಸಿ ಅರಮನೆಗೆ ಒಯ್ದರು.

ಮರುದಿನ ಸಂಜೆ ಆ ಶವವು ಊರಿನ ಬೀದಿಗಳಲ್ಲಿ, ನೆರೆದ ಜನರ ನಡುವೆ, ಸೈನಿಕ ಮರ್ಯಾದೆಯೊಡನೆ ಗುಂಬಜಿಗೆ ಹೋಯಿತು. ಅಲ್ಲಿ ಹೈದರನ ಮಗ್ಗುಲಲ್ಲಿ ಅದನ್ನು ನೆಲಕ್ಕಿಳಿಸಿದರು. ಕೆಲವು ದಿನಗಳ ತರುವಾಯ ಪೂರ್ಣಯ್ಯನವರು ಇಂಗ್ಲಿಷರ ಪಾಳೆಯಕ್ಕೆ ಬಂದು ಶರಣಾದರು. ಒಡೆಯನ ಸಾವನ್ನು ಬಚ್ಚಿಡುವ ಕೆಲಸ ಈ ಸಲ ಅವರಿಗೆ ಇರಲಿಲ್ಲ.